ಬುಡ್ತು ಕತ್ತರಿಸಿದವಳು

ನನ್ನ ಅತ್ತೆಯನ್ನು ನೀವು ಫೋನಿನಲ್ಲಿ ನೋಡಿರಬಹುದು. ಹಸಿರು ಸೀರೆಯ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ಕೈಯಲ್ಲಿ ಪೊರಕೆ ಹಿಡಿದು, ಸೊಸೆಗೆ ಹಿಡಿಶಾಪ ಹಾಕುವ ಮುದುಕಿ. ನೋಡಿ ನಕ್ಕಿದ್ದರೆ ತಪ್ಪೇನಿಲ್ಲ, ನಗಲಿ ಎಂದೇ ಮಾಡಿದ್ದು. ನೋಡಿ ಬೈದಿದ್ದರೂ ನಿಮ್ಮ ತಪ್ಪಲ್ಲ. ಆದರೆ ಅಂಥ ಹೆಂಗಸು ನಮ್ಮ ಮನೆಯಲ್ಲಿ ಯಾವತ್ತೂ ಇರಲಿಲ್ಲ. ಹೊಲಿಗೆ ಮಿಷನ್ನಿನ ಮೇಲೆ ಫೋನು ಒರಗಿಸಿ, ಮಾತು ಬರೆದುಕೊಟ್ಟು, ಸೀರೆ ಆರಿಸಿಕೊಟ್ಟು ಅವಳನ್ನು ಹುಟ್ಟಿಸಿದವಳು ನಾನು.

ನಿಜವಾದ ಅತ್ತೆ ನನ್ನಪ್ಪನ ಒಡಹುಟ್ಟಿದ ಅಕ್ಕ. ಸೋದರತ್ತೆಯ ಮಗನಿಗೆ ಹೆಣ್ಣು ಕೊಡುವುದು ನಮ್ಮ ಕಡೆ ಹೊಸದೇನಲ್ಲ. ನನ್ನ ತವರು ಐ.ಡಿ.ಹಳ್ಳಿ ಕಡೆ. ಕೊಟ್ಟಿದ್ದು ಬರಗೂರಿಗೆ ನಡೆದೇ ಹೋಗಬಹುದಾದ ಒಂದು ಹಳ್ಳಿಗೆ. ನನ್ನ ಹೆತ್ತಮ್ಮ ನನಗೆ ನೆನಪು ಬಲಿಯುವ ಮೊದಲೇ ಹೋಗಿಬಿಟ್ಟಳು. ನಾನು ಹುಟ್ಟಿದಾಗ ಈ ಅತ್ತೆ ಬಸ್ಸು ಹತ್ತಿ ಬಂದು, ಮೂರು ತಿಂಗಳು ನಿಂತು, ದಿನಾ ನನಗೆ ನೀರು ಹಾಕಿದ್ದಳಂತೆ. ಹಾಗಾಗಿ ಅವಳನ್ನು ಚಿಕ್ಕಂದಿನಿಂದ ನೀನು ಎಂದೇ ಮಾತಾಡಿಸಿದವಳು ನಾನು. ಮದುವೆಯಾದ ಮೇಲೂ ಬದಲಾಯಿಸಲಿಲ್ಲ. ಅವಳು ನನ್ನನ್ನು ಕರೆಯುತ್ತಿದ್ದದ್ದು 'ತಾಯಿ' ಎಂದು.

ಎಳೆಗೂಸಿಗೆ ನೀರು ಹಾಕುವುದು ಎಲ್ಲರ ಕೈಗೂ ಬರುವ ಕೆಲಸವಲ್ಲ. ಬಚ್ಚಲ ಕಲ್ಲಿನ ಮೇಲೆ ಕೂತು, ಎರಡೂ ಕಾಲು ಚಾಚಿ, ಕಾಲ ಮೇಲೆ ಕೂಸನ್ನು ಬೋರಲು ಮಲಗಿಸಿ, ಹರಳೆಣ್ಣೆ ನೀವಿ, ಚೊಂಬಿನಿಂದ ಬಿಸಿನೀರು ಹೊಯ್ಯಬೇಕು. ಮೂಗು ತೀಡಬೇಕು, ತಲೆಯನ್ನು ದುಂಡಗೆ ಒತ್ತಬೇಕು. ಆಮೇಲೆ ಸಾಂಬ್ರಾಣಿ ಹೊಗೆ, ಉಪ್ಪು ಮೆಣಸಿನಕಾಯಿ ನಿವಾಳಿಸುವುದು. ಎಲ್ಲಕ್ಕಿಂತ ಮುಖ್ಯ, ನೀರು ಹಾಕುವವಳ ಬಾಯಿ ಚೆನ್ನಾಗಿರಬೇಕು. ನೀರಿನ ಜೊತೆ ಅವಳಾಡಿದ ಮಾತೂ ಕೂಸಿನ ಮೈಗೆ ಇಳಿಯುತ್ತದೆ ಎಂದು ನಮ್ಮವರ ನಂಬಿಕೆ. ಅತ್ತೆ ಪ್ರತಿ ಚೊಂಬಿಗೂ 'ಕಲ್ಲಂಗೆ ಗಟ್ಟಿಯಾಗು, ಆಲದಂಗೆ ಬೆಳಿ' ಅನ್ನುತ್ತಿದ್ದಳು. ಸುತ್ತಲಿನ ನಾಲ್ಕೈದು ಹಳ್ಳಿಯಲ್ಲಿ, ಸಿರಾ ಪೇಟೆಯ ಕೆಲವು ಸಾಬರ ಮನೆಗಳಲ್ಲಿ ಕೂಡ, ಹೆರಿಗೆಯಾದರೆ ಮೊದಲು ಹೇಳಿಕಳಿಸುತ್ತಿದ್ದದ್ದು ಅವಳಿಗೆ. ಎಲೆ ಅಡಿಕೆ, ಒಂದು ರವಿಕೆ ಕಣ ಕೊಟ್ಟರೆ ಕಣ್ಣಿಗೊತ್ತಿಕೊಂಡು ಬರುತ್ತಿದ್ದಳು. ದಾರಿಯಲ್ಲಿ ಎದುರಾದ ದೊಡ್ಡ ದೊಡ್ಡ ಹುಡುಗರನ್ನು ನಿಲ್ಲಿಸಿ, 'ಲೇ, ನಿನ್ ಮೂಗ್ ತೀಡಿದ್ದು ನಾನು ಕಣ್ಲಾ' ಎಂದು ರೇಗಿಸುತ್ತಿದ್ದಳು.

ಬಾಯಿ ತಪ್ಪಿ ಕೆಟ್ಟ ಮಾತು ಬಂದರೆ 'ಬಿಡ್ತು' ಅನ್ನುವುದು ಎಲ್ಲ ಕಡೆಯೂ ಉಂಟು. ನಮ್ಮ ಬಾಯಲ್ಲಿ ಅದು 'ಬುಡ್ತು'. 'ನಕ್ಕೂ ನಕ್ಕೂ ಸತ್ತೋದೆ' ಎಂದು ನಾನು ಸುಮ್ಮನೆ ಅಂದರೂ, ಅತ್ತೆ 'ಬುಡ್ತು ಅನ್ನು' ಎಂದು ಬೆನ್ನು ಹತ್ತಿ ಅನ್ನಿಸುತ್ತಿದ್ದಳು. ಮೂರ್ಸಂಜೆಯಲ್ಲಂತೂ ಕೇಳುವುದೇ ಬೇಡ. ದೀಪ ಹಚ್ಚುವ ಹೊತ್ತಿನಲ್ಲಿ ಅಸ್ತು ದೇವತೆಗಳು ಮನೆ ಮನೆ ಮೇಲೆ ಓಡಾಡುತ್ತವೆ, ಏನಂದರೂ ಹಾಗೇ ಆಗಲಿ ಅಂದುಬಿಡುತ್ತವೆ ಎಂದು ಅವಳ ಭಯ.

ನನ್ನ ಗಂಡನಿಗೆ ಪಾವಗಡದ ವಳ್ಳೂರು ಕಡೆ ಸೋಲಾರ್ ಪಾರ್ಕಿನಲ್ಲಿ ಕರೆಂಟಿನ ಪ್ಲೇಟು ತೊಳೆಯುವ ಕೆಲಸ. ಸೋಮವಾರ ಹೋದರೆ ಶನಿವಾರ ಬರುವುದು. ಬಂದಾಗ ಅರ್ಧ ಕನ್ನಡ ಅರ್ಧ ತೆಲುಗು. ಮನೆಯಲ್ಲಿ ನಾನು, ಅತ್ತೆ, ನನ್ನ ಮಗಳು. ನಾನು ಸಿರಾದ ಒಂದು ಬಟ್ಟೆ ಅಂಗಡಿಗೆ ರವಿಕೆ ಹೊಲಿದುಕೊಡುತ್ತಿದ್ದೆ. ಹೊಲಿದ ರವಿಕೆಗಳ ಬೆನ್ನಿನ ಡಿಸೈನು ತೋರಿಸುವ ವಿಡಿಯೋ ಮಾಡಿ ಹಾಕುವ ಚಟ ಹತ್ತಿತ್ತು. ಎರಡು ವರ್ಷ ಹಾಕಿದೆ. ನಾಯಿಯೂ ಮೂಸಲಿಲ್ಲ.

ಒಂದು ಸಂಜೆ ಹಾಗೇ ಒಂದು ರವಿಕೆ ಹಿಡಿದು ವಿಡಿಯೋ ತೆಗೆಯುತ್ತಿದ್ದಾಗ ಒಲೆಯ ಮೇಲಿದ್ದ ಮುದ್ದೆ ತಳ ಹತ್ತಿತು. ಅತ್ತೆ ಪೊರಕೆ ಹಿಡಿದೇ ಒಳಗೆ ನುಗ್ಗಿ, 'ನಿನ್ ಕೈ ಸೇದೋಗ, ಹಿಟ್ಟೆಲ್ಲ ಸೀದೋಯ್ತಲ್ಲೇ' ಎಂದು ಕೂಗಿದಳು. ಕೂಗಿದ ಬಾಯಲ್ಲೇ ನಾಲಗೆ ಕಚ್ಚಿಕೊಂಡು, 'ಬುಡ್ತು ಬುಡ್ತು, ನನ್ ತಾಯಿ ಕೈ ಚಿನ್ನದಂಗಿರ್ಲಿ' ಅಂದು ನನ್ನ ಕೈ ಹಿಡಿದು ಕಣ್ಣಿಗೊತ್ತಿಕೊಂಡಳು. ಇಬ್ಬರೂ ಬಿದ್ದೂ ಬಿದ್ದೂ ನಕ್ಕೆವು. ಫೋನಿನಲ್ಲಿ ಎಲ್ಲವೂ ಹಿಡಿದಿತ್ತು.

ಅದನ್ನು ಹಾಕಿದೆ. ಹಾಕುವ ಮುಂಚೆ ಬುಡ್ತು ಕತ್ತರಿಸಿದೆ. ದುರುದ್ದೇಶವೇನೂ ಇರಲಿಲ್ಲ. ಬೈಗುಳದ ಮೇಲೆ ನಿಲ್ಲಿಸಿದರೆ ನಗು ಬರುತ್ತಿತ್ತು, ಬುಡ್ತು ಬಂದರೆ ನಗು ಇಳಿದುಹೋಗುತ್ತಿತ್ತು. ಅಷ್ಟೇ ಯೋಚನೆ. ರವಿಕೆ ಕತ್ತರಿಸಿ ಕತ್ತರಿಸಿ ಪಳಗಿದ ಕೈ, ಎಲ್ಲಿ ನಿಲ್ಲಿಸಬೇಕೆಂದು ಕೈಗೇ ಗೊತ್ತಾಯಿತು. ಎರಡು ದಿನದಲ್ಲಿ ಲಕ್ಷ ಜನ ನೋಡಿದರು.

'ಲಕ್ಷ ಅಂದ್ರೆ ಎಷ್ಟ್ ಕಣ್ಣಾಯ್ತೇ?' ಎಂದು ಅತ್ತೆ ಗಾಬರಿಯಾದಳು. ಒಲೆಯಿಂದ ಕೆಂಡ ತಂದು, ಉಪ್ಪು ಮೆಣಸಿನಕಾಯಿ ಹಿಡಿದು ನನ್ನ ಫೋನಿಗೇ ನಿವಾಳಿಸಿ ಹಾಕಿದಳು. ಆ ಘಾಟಿಗೆ ಕೆಮ್ಮುತ್ತ, ಇದನ್ನೂ ವಿಡಿಯೋ ಮಾಡಬಹುದಿತ್ತಲ್ಲ ಎಂದು ನಾನು ಕೈ ಕೈ ಹಿಸುಕಿಕೊಂಡೆ.

ಅಲ್ಲಿಂದ ವಾರಕ್ಕೆ ಎರಡು, ಮೂರು. ಮನೆಯ ಮುಂದಿನ ಗೋಡೆಗೆ ಸಂಜೆಯ ಬಿಸಿಲು ಬಿದ್ದಾಗ ಫೋನಿನಲ್ಲಿ ಮುಖ ತೊಳೆದಿಟ್ಟಂತೆ ಕಾಣುತ್ತಿತ್ತು. ಹಾಗಾಗಿ ನಾವು ಮಾಡುತ್ತಿದ್ದದ್ದು ಸರಿಯಾಗಿ ದೀಪ ಹಚ್ಚುವ ಹೊತ್ತಿಗೆ. ಅತ್ತೆ ಮೊದಲ ದಿನವೇ ಹೇಳಿದಳು, 'ಮೂರ್ಸಂಜೆ ಹೊತ್ನಾಗೆ ಕೆಟ್ ಮಾತಾಡ್ಬಾರ್ದು ಕಣಮ್ಮ. ಬೆಳಗ್ಗೆ ಮಾಡಾನ.' ಬೆಳಗ್ಗೆ ಆ ಗೋಡೆ ನೆರಳು. 'ನಾಟಕ ತಾನೇ ಅತ್ತೆ, ಆಮೇಲೆ ಬುಡ್ತು ಅಂದ್ಬುಡು, ಮುಗೀತು' ಅಂದೆ. ಒಪ್ಪಿದಳು. ನಾನು ಬರೆದುಕೊಟ್ಟ ಬೈಗುಳವನ್ನು ಆಡಿ, ಹೊಸಲು ಮುಟ್ಟಿ, ಮೂರು ಸಲ ಬುಡ್ತು ಅಂದು, ನನಗೊಂದು ಒಳ್ಳೆ ಮಾತು ಹೇಳಿ ಒಳಗೆ ಹೋಗಿ ದೀಪ ಹಚ್ಚುತ್ತಿದ್ದಳು. ನಾನು ಗೋಡೆಗೊರಗಿ ಕೂತು ಬುಡ್ತು ಕತ್ತರಿಸುತ್ತಿದ್ದೆ. ಕತ್ತರಿಸುತ್ತೇನೆಂದು ಅವಳಿಗೆ ಹೇಳಿರಲಿಲ್ಲ. ಅವಳು ಯಾವತ್ತೂ ವಿಡಿಯೋ ಕೊನೆಯವರೆಗೆ ನೋಡುತ್ತಿರಲಿಲ್ಲ, ತನ್ನ ಮುಖ ಕಂಡರೆ ನಾಚಿಕೆಯಿಂದ ಸೆರಗು ಮುಚ್ಚಿಕೊಳ್ಳುತ್ತಿದ್ದಳು.

ಸಿರಾ ಬಸ್ ಸ್ಟ್ಯಾಂಡಿನಲ್ಲಿ ಕಾಲೇಜು ಹುಡುಗಿಯರು ಸುತ್ತಿಕೊಂಡರು. 'ಅಜ್ಜಿ, ನಂಗೊಂದ್ ಸಲ ಬಯ್ಯಿ ಅಜ್ಜಿ' ಎಂದು ಒಬ್ಬಳು ಫೋನು ಹಿಡಿದಳು. ಅತ್ತೆ, 'ಯಾಕವ್ವಾ ಬಯ್ಲಿ, ನೀನೇನ್ ತಪ್ಪು ಮಾಡಿದ್ದೀಯ' ಅಂದಳು. ಹುಡುಗಿಯ ಮುಖ ಸಪ್ಪಗಾಯಿತು. ನಾನು ಅತ್ತೆಯ ರಟ್ಟೆ ಚಿವುಟಿ, 'ಸುಮ್ನೆ ಬಯ್ಯಿ, ಆಸೆ ಪಡ್ತಾವ್ರೆ' ಅಂದೆ. ಬೈದಳು. ಹುಡುಗಿಯರು ನಗುತ್ತಾ ಬಸ್ಸು ಹತ್ತಿದರು. ಆ ಬಸ್ಸು ತಿರುವಿನಲ್ಲಿ ಮರೆಯಾಗುವವರೆಗೂ ಅತ್ತೆ ಅದರ ಕಡೆ ತಿರುಗಿ ಬುಡ್ತು ಬುಡ್ತು ಎಂದು ಪಿಟಿಪಿಟಿ ಅನ್ನುತ್ತಿದ್ದಳು. ನನಗೆ ನಾಚಿಕೆಯಾಯಿತು, ಜನ ನೋಡುತ್ತಾರಲ್ಲ ಎಂದು.

ಇನ್ನು ನನ್ನ ವಿಷಯ. ಅವಳನ್ನು ರಾಕ್ಷಸಿ ಮಾಡಿದ ಮೇಲೆ ನಾನು ಏನಾದರೂ ಆಗಲೇಬೇಕಲ್ಲ. ಪಾಪದ ಸೊಸೆಯಾದೆ. ಇದ್ದ ಸೀರೆಗಳಲ್ಲಿ ಮಾಸಿದ್ದನ್ನೇ ಹುಡುಕಿ ಉಟ್ಟೆ, ಕೈಬಳೆ ತೆಗೆದಿಟ್ಟೆ, ತಲೆ ಬಾಚದೆ ಕೂತೆ. ಕೆಳಗೆ ಜನ ಬರೆಯುತ್ತಿದ್ದರು: ಎಂಥಾ ಸಹನೆ, ಭೂಮಿ ತೂಕದ ಹೆಣ್ಣು, ಆ ಮುದುಕಿಗೆ ಒಳ್ಳೆ ಸಾವು ಬರಲ್ಲ. ಕೊನೆಯದನ್ನು ಓದಿದಾಗಲೂ ನಾನು ಅಳಿಸಲಿಲ್ಲ. ಅದರ ಜೊತೆಗೇ ನನ್ನನ್ನು ಹೊಗಳಿದ್ದರು. ತಾಯಿಯಿಲ್ಲದೆ ಬೆಳೆದವಳಿಗೆ ಅಷ್ಟೊಂದು ಜನ ಅಯ್ಯೋ ಪಾಪ ಅಂದರೆ ಎಷ್ಟು ಹಿತವಾಗಿರುತ್ತದೆ ಗೊತ್ತೇ? ಹೇಳಿಕೊಳ್ಳಲು ಅಸಹ್ಯವಾಗುತ್ತದೆ, ಆದರೂ ನಿಜ.

ಕೊರಟಗೆರೆ ಕಡೆಯ ಒಬ್ಬಳು ದಿನಾ ಬರೆಯುತ್ತಿದ್ದಳು. ಅವಳ ಅತ್ತೆ ನಿಜಕ್ಕೂ ಹಿಟ್ಟಿನ ಡಬ್ಬಕ್ಕೆ ಬೀಗ ಹಾಕುವವಳು. 'ನಿನ್ನ ನೋಡಿ ಧೈರ್ಯ ತಗೋತೀನಿ ಅಕ್ಕ' ಎಂದು ಬರೆದಿದ್ದಳು. ಇದೆಲ್ಲ ನಾಟಕ ಕಣಮ್ಮ ಎಂದು ಒಂದು ಸಾಲು ಬರೆಯಬಹುದಿತ್ತು. ನಾನು ಬರೆದದ್ದು, 'ನನ್ನ ಕಷ್ಟ ಆ ದೇವರಿಗೇ ಗೊತ್ತು ತಂಗಿ' ಎಂದು. ಅದನ್ನು ಎಡಗೈಯಲ್ಲಿ ಬರೆಯುವಾಗ ಬಲಗೈಯಲ್ಲಿ ಅತ್ತೆ ಸುಟ್ಟುಕೊಟ್ಟ ಬಿಸಿ ರೊಟ್ಟಿ ಇತ್ತು, ಮೇಲೆ ಅವಳೇ ಹಚ್ಚಿದ ಬೆಣ್ಣೆ.

ಆಮೇಲೆ ನೋಡುವವರು ಕಡಿಮೆಯಾಗತೊಡಗಿದರು. ಅದೇ ಪೊರಕೆ, ಅದೇ ಮುದ್ದೆ, ಜನಕ್ಕೆ ಸಾಕಾಗಿತ್ತು. ನಾನು ಇನ್ನೂ ಖಾರವಾದದ್ದನ್ನು ಬರೆದೆ. 'ನಿನ್ ಮಡ್ಲು ಬರಿದಾಗೋಗ್ಲಿ, ತೊಟ್ಲು ಕಟ್ಟೋ ತೊಲೆ ಮುರ್ದೋಗ್ಲಿ.'

ಅತ್ತೆ ಕಾಗದವನ್ನು ಓದಿಸಿಕೊಂಡು ಕೇಳಿ, ಪೊರಕೆ ಕೆಳಗಿಟ್ಟಳು. 'ಇದೊಂದ್ ಮಾತ್ರ ಆಡಿಸ್ಬೇಡ ತಾಯಿ. ನಾನು ಕೂಸ್ಗುಳ್ನ ಕಾಲ್ ಮೇಲೆ ಹಾಕ್ಕಳೋಳು.'

'ಬುಡ್ತು ಅಂದ್ರೆ ಹೋಯ್ತು ಅಂತ ನೀನೇ ಹೇಳ್ತೀಯಲ್ಲ.'

'ಅಂತೀನಿ. ಆದ್ರೂ ಬ್ಯಾಡ.'

ನಾನು ಮುನಿಸಿಕೊಂಡೆ. ಅನ್ನ ಬಿಟ್ಟೆ. ಅವಳಿಗೆ ನನ್ನ ಮುನಿಸು ತಡೆಯಲು ಆಗುವುದಿಲ್ಲವೆಂದು ಹುಟ್ಟಿದಾಗಿನಿಂದ ಗೊತ್ತು. ಮಾರನೆಯ ಸಂಜೆ ಗೋಡೆಯ ಮುಂದೆ ನಿಂತು ಆ ಮಾತು ಆಡಿದಳು. ಎಷ್ಟು ಚೆನ್ನಾಗಿ ಆಡಿದಳೆಂದರೆ ನನಗೇ ಮೈ ಜುಮ್ಮೆಂದಿತು. ಆಡಿದ ತಕ್ಷಣ ಹೊಸಲಿಗೆ ಹಣೆ ಹಚ್ಚಿ, ಒಂಬತ್ತು ಸಲ ಬುಡ್ತು ಅಂದು, ಬಾಯಿ ಮುಕ್ಕಳಿಸಿ ಬಂದಳು. 'ನನ್ ಸೊಸೆ ಮಡ್ಲು ತುಂಬಿರ್ಲಿ, ಊರ ತೊಟ್ಲೆಲ್ಲ ತೂಗ್ತಿರ್ಲಿ' ಅಂದಳು. ಹೊಸಲಿಗೆ ಹಣೆ ಹಚ್ಚಿದಲ್ಲಿಂದ ಮುಂದಿನದೆಲ್ಲವನ್ನೂ ನಾನು ಕತ್ತರಿಸಿದೆ. ನಮ್ಮ ವಿಡಿಯೋಗಳಲ್ಲೆಲ್ಲ ಅತಿ ಹೆಚ್ಚು ಜನ ನೋಡಿದ್ದು ಅದನ್ನೇ.

ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ. ಮೊದಲು ನಮ್ಮೂರಿನಲ್ಲೇ ಆಯಿತು. ಕೆಳಗಿನ ಬೀದಿಯಲ್ಲಿ ಹೆರಿಗೆಯಾದ ಮನೆಗೆ ಮೂರು ದಿನ ಹೋದ ಅತ್ತೆಗೆ ನಾಲ್ಕನೆಯ ದಿನ ಬಾಗಿಲಲ್ಲೇ, 'ನಮ್ಮಮ್ಮ ಬಂದವ್ರೆ, ಇನ್ಮೇಲೆ ಅವರೇ ಹಾಕ್ತಾರಂತೆ' ಅಂದರು. ಇರಬಹುದು ಎಂದುಕೊಂಡಳು. ಮುಂದಿನ ಹೆರಿಗೆಗೆ ಯಾರೂ ಹೇಳಿಕಳಿಸಲಿಲ್ಲ. ಅದರ ಮುಂದಿನದಕ್ಕೂ ಇಲ್ಲ. ಅತ್ತೆ ಎಣ್ಣೆ ಬಾಟಲಿಯನ್ನು ತೊಳೆದು, ಒಣಗಿಸಿ, ಮತ್ತೆ ತುಂಬಿಸಿಟ್ಟುಕೊಂಡು ಕಾದಳು.

ನಿಜ ಹೇಳಿದವರು ಸಿರಾದ ಆಪಾ. ನಾನು ರವಿಕೆ ಹೊಲಿದುಕೊಡುವ ಅಂಗಡಿಯ ಒಡತಿ, ಅವರ ಮೊಮ್ಮಕ್ಕಳಿಗೆಲ್ಲ ನೀರು ಹಾಕಿದ್ದು ಅತ್ತೆಯೇ. ಅವರ ಕಿರಿ ಮಗಳು ಬಾಣಂತನಕ್ಕೆ ಬಂದಿದ್ದಾಳೆ ಎಂದು ಗೊತ್ತಿತ್ತು, ಕರೆ ಮಾತ್ರ ಬರಲಿಲ್ಲ. ಕೇಳಿಯೇಬಿಟ್ಟೆ. ಆಪಾ ಬಟ್ಟೆ ಮಡಿಸುತ್ತಾ ನನ್ನ ಮುಖ ನೋಡದೆ ಹೇಳಿದರು, 'ನಂಗೆ ಗೊತ್ತು ಬೇಟಿ, ಅದು ನಾಟಕ. ನಿಮ್ಮತ್ತೆ ಕೈ ಅಂದ್ರೆ ನಂಗೆ ಪ್ರಾಣ. ಆದ್ರೆ ಅಳಿಯನ ಮನೆಯೋರು ನೋಡವ್ರೆ. ಕೂಸಿರೋ ಮನೆಗೆ ಬದ್ದುವಾ ಹಾಕೋ ಬಾಯಿ ಬೇಡ ಅಂತಾರೆ. ನಾನೇನ್ ಮಾಡ್ಲಿ?' ಬದ್ದುವಾ ಅಂದರೆ ಶಾಪ. ಮುಸಲ್ಮಾನರಾಗಲಿ ಹಿಂದೂಗಳಾಗಲಿ, ಈ ಭಯ ಮಾತ್ರ ಒಂದೇ.

ಅವತ್ತೇ ಎಲ್ಲ ಅಳಿಸಿದೆ. ಅಳಿಸಿದರೇನು? ಯಾರ್ಯಾರೋ ಇಳಿಸಿಕೊಂಡು, ಹಾಡು ಸೇರಿಸಿ, ತಮ್ಮದೆಂದು ಹಾಕಿಕೊಂಡಿದ್ದರು. ಅದೃಷ್ಟಕ್ಕೆ ಕತ್ತರಿಸದ ತುಣುಕುಗಳು ನನ್ನ ಫೋನಿನಲ್ಲೇ ಇದ್ದವು. ಬುಡ್ತು ಇರುವ ಪೂರ್ತಿ ವಿಡಿಯೋ ಹಾಕಿದೆ, ನನ್ನ ಅತ್ತೆ ದೇವರಂಥವಳು ಎಂದು ಬರೆದೆ. ನೂರು ಜನವೂ ನೋಡಲಿಲ್ಲ. ನೋಡಿದವರೊಬ್ಬರು, 'ಪಾಪ, ಮುದುಕಿ ಹೆದರಿಸಿ ಇದನ್ನು ಮಾಡಿಸಿದಾಳೆ' ಎಂದು ಬರೆದರು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಅನ್ನುತ್ತಾರೆ. ಮಾತು ಎಲ್ಲಿ ಹೋಯಿತು? ಅದೇ ತಾನೇ ಎಲ್ಲೂ ಹೋಗದೆ ಉಳಿದದ್ದು.

ಆ ವಾರ ಅತ್ತೆ, ಯಾರೋ ಇಳಿಸಿಕೊಂಡು ಹಾಕಿದ್ದ ನಮ್ಮ ವಿಡಿಯೋವನ್ನು ಮೊದಲ ಬಾರಿ ಕೊನೆಯವರೆಗೂ ನೋಡಿದಳು. ನನ್ನಿಂದ ಫೋನು ಇಸಿದುಕೊಂಡು, ಸೆರಗು ಮುಚ್ಚದೆ ನೋಡಿದಳು. 'ಬುಡ್ತು ಎಲ್ಲಿ?' ಎಂದು ಕೇಳಿದಳು. ಕತ್ತರಿಸಿದೆ ಎಂದೆ. 'ಎಲ್ಲಾದ್ರಾಗೂನಾ?' ಎಲ್ಲದರಲ್ಲೂ ಎಂದೆ. ಬೈಯಲಿಲ್ಲ. ಫೋನನ್ನು ಮಿಷನ್ನಿನ ಮೇಲೆ ಮೆಲ್ಲಗೆ ಇಟ್ಟು ಒಳಗೆ ಹೋದಳು. ಅವಳು ನಿಜವಾಗಿ ಒಂದು ಸಲ ಬೈದಿದ್ದರೆ ನಾನು ಬದುಕಿಕೊಳ್ಳುತ್ತಿದ್ದೆ.

ಇನ್ನೊಂದು ದಿನ ನನ್ನ ಮಗಳು, ಆಗ ಅವಳಿಗೆ ಆರು ವರ್ಷ, ಬಚ್ಚಲ ಕಲ್ಲಿನ ಮೇಲೆ ಅಜ್ಜಿಯ ಹಾಗೆಯೇ ಕಾಲು ಚಾಚಿ ಕೂತು ಗೊಂಬೆಗೆ ನೀರು ಹಾಕುತ್ತಿದ್ದಳು. ಒಂದೊಂದು ಲೋಟ ನೀರಿಗೂ, 'ಮಡ್ಲು ಬರಿದಾಗೋಗ್ಲಿ, ತೊಲೆ ಮುರ್ದೋಗ್ಲಿ' ಎಂದು ರಾಗವಾಗಿ ಅನ್ನುತ್ತಿದ್ದಳು. ಅತ್ತೆ ಬಾಗಿಲಲ್ಲಿ ನಿಂತು ಕೇಳಿದಳು. ಬುಡ್ತು ಅನ್ನು ಎಂದು ಹೇಳುತ್ತಾಳೆಂದು ಕಾದೆ. ಹೇಳದೆ ಹಿತ್ತಿಲ ಕಡೆ ಹೊರಟುಹೋದಳು. ಆವತ್ತಿನಿಂದ ಮೂರ್ಸಂಜೆಯಾದರೆ ಅವಳು ಬಾಯಿಯನ್ನೇ ತೆರೆಯುತ್ತಿರಲಿಲ್ಲ.

ಹೀಗೆ ಒಂದು ವರ್ಷದ ಮೇಲಾಯಿತು. ಆಮೇಲೆ ನನಗೆ ಎರಡನೆಯ ಬಸುರು. ಸುದ್ದಿ ಕೇಳಿದಾಗ ಅತ್ತೆಯ ಮುಖದಲ್ಲಿ ಬಣ್ಣ ಬಂದಿತು. ಊರಿನ ಕೂಸುಗಳನ್ನು ಊರು ಇಟ್ಟುಕೊಂಡರೂ ಮನೆಯ ಕೂಸು ಅವಳದೇ ತಾನೇ? ಹರಳು ಹುರಿದು, ಕುಟ್ಟಿ, ಕುದಿಸಿ, ತಾನೇ ಎಣ್ಣೆ ತೆಗೆದಳು. ಮೆತ್ತಗಿನ ಹಳೆ ಸೀರೆಗಳನ್ನು ಹರಿದು, ಒಗೆದು, ಮಡಿಸಿಟ್ಟಳು. ನನಗೂ ಸಮಾಧಾನವಾಯಿತು. ಕೂಸು ಅವಳ ಕಾಲ ಮೇಲೆ ದುಂಡಗೆ ಬೆಳೆದುಬಿಟ್ಟರೆ ಊರಿನವರ ಬಾಯಿ ತಾನಾಗಿ ಮುಚ್ಚುತ್ತದೆ, ಮತ್ತೆ ಹೇಳಿಕಳಿಸುತ್ತಾರೆ ಎಂದು ಲೆಕ್ಕ ಹಾಕಿದೆ. ನಾನು ಕೆಡಿಸಿದ್ದನ್ನು ನನ್ನ ಕೂಸು ಸರಿಮಾಡುತ್ತದೆ ಎಂದುಕೊಂಡೆ.

ಹೆಣ್ಣು ಕೂಸು. ತೂಕ ಕಮ್ಮಿ. ಹುಟ್ಟಿದ ಎರಡನೆಯ ದಿನ ಮೈ ಹಳದಿಯಾಯಿತು. ಆಸ್ಪತ್ರೆಯಲ್ಲಿ ಕಣ್ಣಿಗೆ ಪಟ್ಟಿ ಕಟ್ಟಿ ನೀಲಿ ದೀಪದ ಕೆಳಗೆ ಮಲಗಿಸಿದ್ದರು. ಗಾಜಿನಾಚೆ ಕೂತು ಹಗಲೆಲ್ಲ ನೋಡುತ್ತಿದ್ದೆ. ಮನೆಗೆ ಕರೆದುಕೊಂಡು ಹೋಗಿ, ಇನ್ನು ಭಯವಿಲ್ಲ ಎಂದು ಡಾಕ್ಟರು ಹೇಳಿದರೂ ನಾನು ಗಳಿಗೆಗೊಮ್ಮೆ ಕೂಸನ್ನು ಬೆಳಕಿಗೆ ಹಿಡಿದು ಹಳದಿ ಇದೆಯಾ ಎಂದು ನೋಡುತ್ತಿದ್ದೆ.

ಹೊಕ್ಕಳು ಬಿದ್ದ ಮೇಲೆ ಅತ್ತೆ ನೀರು ಕಾಯಿಸಿದಳು. ತಾನು ತಲೆಗೆ ಸ್ನಾನ ಮಾಡಿ, ಒಗೆದ ಸೀರೆ ಉಟ್ಟು, ಬಚ್ಚಲ ಕಲ್ಲಿನ ಮೇಲೆ ಕೂತಳು. ಎರಡೂ ಕಾಲು ಚಾಚಿ ಎಣ್ಣೆ ಸವರಿಕೊಂಡಳು. ಅದೆಷ್ಟು ಕೂಸುಗಳು ಮಲಗಿದ್ದ ಕಾಲುಗಳು. ನಾನೂ ಅಲ್ಲೇ ಮಲಗಿದ್ದವಳು. ಕೈ ನೀಡಿ, 'ಕೊಡು ತಾಯಿ' ಅಂದಳು.

ನಾನು ಬಗ್ಗಿದೆ. ಬಗ್ಗಿದ ಕಡೆಯೇ ನನ್ನ ಕೈ ನಿಂತಿತು. ಎಷ್ಟು ಹೊತ್ತು ಅಂತೀರಿ, ಒಂದು ಉಸಿರು ಎಳೆದುಕೊಳ್ಳುವಷ್ಟು. ನಿನ್ನ ಮಡ್ಲು ಬರಿದಾಗೋಗ್ಲಿ ಎಂದು ಕಿವಿಯಲ್ಲಿ ಕೇಳಿಸಿತು. ಬರೆದವಳು ನಾನು, ಕಾಗದ ನನ್ನದು, ಅಕ್ಷರ ನನ್ನದು. ಅವಳು ಬುಡ್ತು ಅಂದಾಗ ಎದುರಿಗಿದ್ದು ಕೇಳಿದವಳು ಈ ಲೋಕದಲ್ಲಿ ನಾನೊಬ್ಬಳೇ. ಆದರೂ ಕೂಸನ್ನು ಎದೆಗೆ ಒತ್ತಿಕೊಂಡುಬಿಟ್ಟೆ.

ಅತ್ತೆ ನನ್ನ ಮುಖ ನೋಡಲಿಲ್ಲ, ಕೈ ನೋಡಿದಳು. ನೀಡಿದ್ದ ತನ್ನ ಕೈಗಳನ್ನು ಹಿಂದಕ್ಕೆ ಎಳೆದುಕೊಂಡು, 'ನೀರ್ ಇನ್ನೂ ಹದ ಬಂದಿಲ್ಲ ಅನ್ಸುತ್ತೆ' ಎಂದು ಎದ್ದಳು. ನೀರು ಹದವಾಗಿತ್ತು. ನಾನೇ ಮೊಣಕೈ ಅದ್ದಿ ನೋಡಿದ್ದೆ.

'ಅತ್ತೆ, ತಗಾ. ಕೈ ಜಾರ್ತು ಅಂತ ಹಿಡ್ಕಂಡೆ, ಅಷ್ಟೇ' ಅಂದೆ.

'ಇರ್ಲಿ ಬುಡು. ನೀನೇ ಹಾಕು. ನಾನು ಆಚೆ ನಿಂತ್ಕಂಡು ಹೇಳ್ಕೊಡ್ತೀನಿ.'

ಅವಳ ಕಾಲು ಹಿಡಿದುಕೊಂಡೆ. ತಪ್ಪಾಯಿತು ಅತ್ತೆ ಎಂದು ಕಣ್ಣೀರು ಹಾಕಿದೆ. ಅವಳು ನನ್ನ ತಲೆ ಸವರಿದಳು, ಕೂಸಿಗೆ ಥಂಡಿಯಾಗುತ್ತದೆ ಎಂದು ನೆನಪಿಸಿ ಹೊರಗೆ ಹೋದಳು. ಮೊದಲ ವಿಡಿಯೋದಲ್ಲಿ ಅವಳು ಅಂದದ್ದು ನಿನ್ನ ಕೈ ಸೇದೋಗ ಎಂದು, ಅಂದರೆ ಮರಗಟ್ಟಿ ಹೋಗಲಿ ಎಂದು. ನನ್ನ ಕೈಗೆ ಏನೂ ಆಗಿಲ್ಲ, ಇವತ್ತಿಗೂ ನೆಟ್ಟಗಿದೆ. ಅವತ್ತು ಅದನ್ನು ನಿಲ್ಲಿಸಿದವಳು ನಾನೇ.

ಈಗ ದಿನಾ ಬೆಳಗ್ಗೆ ಅವಳೇ ಒಲೆ ಹಚ್ಚುತ್ತಾಳೆ, ನೀರು ಕಾಯಿಸಿ ಬಚ್ಚಲ ಬಾಗಿಲವರೆಗೆ ತಂದಿಡುತ್ತಾಳೆ. ಒಳಗೆ ಬರುವುದಿಲ್ಲ. ನಾನು ಕಲ್ಲಿನ ಮೇಲೆ ಕೂತು ಕಾಲು ಚಾಚುತ್ತೇನೆ. ಕತ್ತಿನ ಸಂದಿ ತೊಳಿ, ಮೂಗು ಮೆಲ್ಲಗೆ ತೀಡು, ಬೆನ್ನಿಗೆ ಕೈ ಕೊಡು ಎಂದು ಬಾಗಿಲಾಚೆಯಿಂದ ಹೇಳುತ್ತಾಳೆ. ಆ ಒಳ್ಳೆ ಮಾತನ್ನು ಮಾತ್ರ ಹೇಳುವುದಿಲ್ಲ. ಒಂದು ದಿನ ಬಾಯಿಬಿಟ್ಟು ಕೇಳಿದೆ. 'ನೀನೇ ಅನ್ನು' ಅಂದಳು. ಕಲ್ಲಂಗೆ ಗಟ್ಟಿಯಾಗು, ಆಲದಂಗೆ ಬೆಳಿ ಎಂದು ಅಂದೆ. ನನ್ನ ಬಾಯಲ್ಲಿ ಅದು ಯಾರೋ ಬರೆದುಕೊಟ್ಟದ್ದನ್ನು ಒಪ್ಪಿಸಿದ ಹಾಗೆ ಕೇಳಿಸಿತು. ಕೂಸು ಅಳತೊಡಗಿತು. ಹೊರಗಿನಿಂದ ಅತ್ತೆ, 'ನೀರ್ ಸಾಕಾ?' ಎಂದು ಕೇಳಿದಳು. ದಿನಾ ಅಷ್ಟೇ ಕೇಳುತ್ತಾಳೆ. ತಾಯಿ ಅನ್ನುವುದಿಲ್ಲ.